ಮಲ್ಪೆ ಬಂದರು: ಬೋಟು ಇಲ್ಲದವರ ಪಾಲೂ ಲೆಕ್ಕಕ್ಕೆ ಬರಲಿ

ಮಾನ್ಯ ಸಂಪಾದಕರೇ,

ಮಲ್ಪೆ ಮೀನುಗಾರಿಕಾ ಬಂದರಿನ ಹೂಳೆತ್ತುವಿಕೆ, ವಿಸ್ತರಣೆ, ಧಕ್ಕೆಯ (ಬೋಟುಗಳು ತಂಗುವ ಕಟ್ಟೆಯ) ದುರಸ್ತಿ ಇತ್ಯಾದಿಗಳ ಕುರಿತು ಪತ್ರಿಕೆಗಳಲ್ಲಿ ಆಗಾಗ ವರದಿಗಳು ಬರುತ್ತಿರುತ್ತವೆ. ಅವುಗಳನ್ನು ಓದುವಾಗಲೆಲ್ಲ ನನಗೆ ಒಂದು ಕೊರತೆ ಎದ್ದು ಕಾಣುತ್ತದೆ. ಬಂದರೆಂದರೆ ಬೋಟುಗಳು ಮತ್ತು ಅವುಗಳ ಮಾಲೀಕರು ಎಂಬ ಎಣಿಕೆಯಲ್ಲೇ ಚರ್ಚೆ ಶುರುವಾಗಿ ಅಲ್ಲಿಗೇ ಮುಗಿಯುತ್ತದೆ. ಹಸಿಮೀನು ಮಾರುವ ಹೆಂಗಸರು, ಬೋಟಿನಲ್ಲಿ ದುಡಿಯುವ ಕಲಾಸಿಗಳು, ಧಕ್ಕೆಯಲ್ಲಿ ಮೀನು ಆಯುವವರು ಮತ್ತು ಹೊರುವವರು, ಬಲೆ ಕಟ್ಟುವವರು ಏನು ಹೇಳುತ್ತಾರೆ ಎಂದು ಯಾರೂ ಕೇಳಿದಂತಿಲ್ಲ. ಬಂದರಿನ ಹಿನ್ನೆಲೆಯನ್ನು ಸ್ವಲ್ಪವಾದರೂ ಬಲ್ಲವರಿಗೆ ಇದು ಅನ್ಯಾಯವೆಂದೇ ತೋರುತ್ತದೆ. ಪಾಲು ಹಂಚಿಕೊಂಡು ದುಡಿಯುವ ಪದ್ಧತಿಯಿಂದಲೇ ಈ ಕರಾವಳಿಯ ಮೀನುಗಾರಿಕೆ ಬೆಳೆದು ಬಂದಿದೆ.

ಉದ್ಯಾವರ ಹೊಳೆ ಕಡಲು ಸೇರುವ ಅಳಿವೆಯಲ್ಲಿ, ಎದುರಿನ ದ್ವೀಪಗಳ ಮರೆಯಲ್ಲಿ ಇರುವುದರಿಂದ ಮಲ್ಪೆಯು ಹಿಂದಿನಿಂದಲೂ ಹಡಗುಗಳಿಗೆ ಆಸರೆಯ ತಾಣವಾಗಿತ್ತು. ದ್ವಾರಕೆಯಿಂದ ಬಂದ ಹಡಗೊಂದು ಬಿರುಗಾಳಿಗೆ ಸಿಕ್ಕಿದಾಗ ಮಧ್ವಾಚಾರ್ಯರು ಅದನ್ನು ಪಾರುಮಾಡಿದರೆಂದೂ, ಅದರಲ್ಲಿದ್ದ ಗೋಪೀಚಂದನದ ಹೆಂಟೆಯೊಳಗೆ ಉಡುಪಿಯ ಕೃಷ್ಣನ ವಿಗ್ರಹ ದೊರೆಯಿತೆಂದೂ ಹೇಳುವ ಐತಿಹ್ಯ ಇಲ್ಲಿನ ವಡಭಾಂಡೇಶ್ವರದ ತೀರಕ್ಕೆ ಸೇರಿದ್ದು. ದರಿಯಾ ಬಹದ್ದೂರ್‌ಗಢದ ಕೋಟೆಯ ಅವಶೇಷಗಳು, ಬಾಸೆಲ್ ಮಿಷನ್ನಿನವರು ಇಲ್ಲಿ ನಡೆಸಿದ ಹೆಂಚಿನ ಕಾರ್ಖಾನೆ, ಹಾಯಿ ಕಟ್ಟಿ ಸರಕು ಸಾಗಿಸುತ್ತಿದ್ದ ಮಂಜಿಗಳು, ಇವೆಲ್ಲವೂ ಊರಿನ ಚರಿತ್ರೆಯಲ್ಲಿ ಬರುವಂಥವೇ. ಆದರೆ ಊರನ್ನು ದಿನದಿನವೂ ಸಾಕಿದ್ದು ಮೀನು. ಮೀನನ್ನು ದಡಕ್ಕೆ ತಂದದ್ದು ರಂಪಣಿ ಎಂಬ ದೊಡ್ಡ ಬಲೆ.

ಇಂದಿನ ಮಕ್ಕಳಲ್ಲಿ ರಂಪಣಿಯನ್ನು ಕಣ್ಣಾರೆ ಕಂಡವರು ಇರಲಾರರು. ಆದ್ದರಿಂದ ಅದರ ಬಗ್ಗೆ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ. ಮಳೆಗಾಲ ಕಳೆದು ಕಡಲು ತಣಿದ ಮೇಲೆ ಬಂಗುಡೆ ಮತ್ತು ಬೂತಾಯಿಯ ಹಿಂಡುಗಳು ದಡದ ಸಮೀಪಕ್ಕೆ ಬರುತ್ತಿದ್ದವು. ನೀರಿನ ಬಣ್ಣ ನೋಡಿಯೇ ಹಿಂಡನ್ನು ಗುರುತಿಸಬಲ್ಲ ಅನುಭವಿಗಳು ಸನ್ನೆ ಕೊಟ್ಟೊಡನೆ ಬಲೆಯ ಒಂದು ತುದಿಯನ್ನು ದಡದಲ್ಲಿ ಬಿಟ್ಟು ದೋಣಿ ಹೊರಡುತ್ತಿತ್ತು. ದೊಡ್ಡ ಕಮಾನಿನ ಆಕಾರದಲ್ಲಿ ಬಲೆಯನ್ನು ಇಳಿಸುತ್ತ ಸಾಗಿ, ಇನ್ನೊಂದು ತುದಿಯನ್ನು ದೂರದಲ್ಲಿ ದಡಕ್ಕೆ ಮುಟ್ಟಿಸುತ್ತಿತ್ತು. ಆಮೇಲೆ ಎರಡೂ ಕಡೆ ಹತ್ತಾರು ಜನ ಸಾಲಾಗಿ ನಿಂತು ಹಗ್ಗ ಎಳೆಯಬೇಕು. ಹಿಂಡು ತೀರ ದೊಡ್ಡದಾಗಿದ್ದರೆ ಎಲ್ಲವನ್ನೂ ಒಮ್ಮೆಗೇ ದಡಕ್ಕೆ ಹಾಕುತ್ತಿರಲಿಲ್ಲ. ಬಲೆಯ ಆವರಣದಲ್ಲಿ ಮೀನನ್ನು ನೀರಿನಲ್ಲೇ ತಡೆದು ನಿಲ್ಲಿಸಿ, ಮಾರಾಟಕ್ಕೆ ಎಷ್ಟು ಬೇಕೋ ಅಷ್ಟನ್ನೇ ದಿನವೂ ತೆಗೆಯುತ್ತಿದ್ದರು. ಮಂಜುಗಡ್ಡೆ ಕಾಣದ ಕಾಲದಲ್ಲಿ ಮೀನು ಕೆಡದಂತೆ ಕಾಯುವ ಇದಕ್ಕಿಂತ ಜಾಣ ಉಪಾಯ ಬೇರೊಂದಿರಲಿಕ್ಕಿಲ್ಲ.

ರಂಪಣಿಯನ್ನು ಒಂಟಿ ಮನೆಯೊಂದು ಇಟ್ಟುಕೊಳ್ಳುವಂತಿರಲಿಲ್ಲ. ಹಲವು ಮನೆಗಳವರು ತಮ್ಮ ತಮ್ಮ ಬಲೆಯ ತುಂಡುಗಳನ್ನು ತಂದು ಜೋಡಿಸಿದಾಗಲೇ ಅದು ರಂಪಣಿಯಾಗುತ್ತಿತ್ತು. ಹುಟ್ಟುವಳಿಯಲ್ಲಿ ಬಲೆಗೆ ಒಂದು ಪಾಲು, ದೋಣಿಗೆ ಒಂದು ಪಾಲು, ಮೈಮುರಿದು ದುಡಿದವರಿಗೆ ಒಂದು ಪಾಲು ಎಂದು ಲೆಕ್ಕವಾಗುತ್ತಿತ್ತು. ಮೀನುಗಾರಿಕೆಯನ್ನೇ ಕಸುಬಾಗಿಸಿಕೊಂಡ ಮೊಗವೀರ ಸಮಾಜದಲ್ಲಿ ಮುಖಂಡರಾದ ಗುರಿಕಾರರ ಮುಂದೆ ತಗಾದೆಗಳು ತೀರ್ಮಾನವಾಗುತ್ತಿದ್ದವು. ಆ ವ್ಯವಸ್ಥೆಯಲ್ಲಿ ಎಲ್ಲವೂ ಸರಿಯಿತ್ತು ಎಂದು ನಾನು ವಾದಿಸುವುದಿಲ್ಲ. ಹೆಂಗಸರ ಮಾತಿಗೆ ಅಲ್ಲಿಯೂ ಹೆಚ್ಚಿನ ಬೆಲೆ ಇರಲಿಲ್ಲ. ಆದರೂ ಹಗ್ಗ ಹಿಡಿದವನಿಗೆ ಹುಟ್ಟುವಳಿಯಲ್ಲಿ ಹಕ್ಕಿದೆ ಎಂಬ ತತ್ವವನ್ನು ಇಡೀ ತೀರ ಒಪ್ಪಿಕೊಂಡಿತ್ತು.

1970ರ ದಶಕದ ಮಧ್ಯದಲ್ಲಿ ಪರ್ಸೀನ್ ಬಲೆ ಬಂದಾಗ ಈ ಲೋಕ ಕೆಲವೇ ವರ್ಷಗಳಲ್ಲಿ ಬದಲಾಯಿತು. ದಡಕ್ಕೆ ಬರಬೇಕಾದ ಹಿಂಡನ್ನು ಯಾಂತ್ರಿಕ ಬೋಟುಗಳು ಕಡಲಿನಲ್ಲೇ ಸುತ್ತುವರಿದು ಎತ್ತತೊಡಗಿದವು. ರಂಪಣಿಯವರು ಪ್ರತಿಭಟಿಸಿದರು, ಅವರಲ್ಲಿ ಕೆಲವರು ಕೂಡಿಕೊಂಡು ತಾವೇ ಪರ್ಸೀನ್ ಬೋಟು ಮಾಡಿದರು, ಉಳಿದವರು ಕೂಲಿಗೆ ಇಳಿದರು. ಬಲೆಯನ್ನು ನೀರಿನಲ್ಲಿ ಎಳೆದುಕೊಂಡು ಸಾಗುವ ಟ್ರಾಲ್ ಬೋಟುಗಳು ಹೆಚ್ಚಾದವು, ಮಂಜುಗಡ್ಡೆ ಕಾರ್ಖಾನೆಗಳು ಎದ್ದವು, ಹೊಳೆಯ ದಂಡೆಯಲ್ಲಿ ಧಕ್ಕೆಗಳು ಒಂದಾದ ಮೇಲೊಂದರಂತೆ ಬಾಪುತೋಟದವರೆಗೂ ಚಾಚಿಕೊಂಡವು. ಯಾಂತ್ರೀಕರಣ ಬರಬಾರದಿತ್ತು ಎಂಬುದು ನನ್ನ ಅಭಿಪ್ರಾಯವಲ್ಲ. ಅದರಿಂದ ಸಾವಿರಾರು ಮನೆಗಳಲ್ಲಿ ಒಲೆ ಉರಿದಿದೆ, ಮಕ್ಕಳು ಓದಿದ್ದಾರೆ. ಆದರೆ ಅಂದು ಬದಲಾವಣೆಯ ಭಾರವನ್ನು ಹೊತ್ತವರ ಮಾತನ್ನು ಮೊದಲೇ ಕೇಳಿದ್ದರೆ ಅಷ್ಟು ಕಹಿ ಉಳಿಯುತ್ತಿರಲಿಲ್ಲ. ಪ್ರಖರ ಬೆಳಕು ಹಾಯಿಸಿ ಮೀನು ಹಿಡಿಯುವುದನ್ನು ಕೇಂದ್ರ ಸರ್ಕಾರ 2017ರಲ್ಲಿ ನಿಷೇಧಿಸಿದ ಮೇಲೂ ಕರಾವಳಿಯಲ್ಲಿ ಅದೇ ಬಗೆಯ ತಿಕ್ಕಾಟ ಮುಂದುವರಿದಿರುವುದನ್ನು ಕಾಣುತ್ತಿದ್ದೇವೆ.

ಇಂದಿನ ಬಂದರನ್ನು ಅರಿಯಬೇಕಾದರೆ ನಸುಕಿನಲ್ಲಿ ಧಕ್ಕೆಗೆ ಹೋಗಬೇಕು. ಹತ್ತು ಹನ್ನೆರಡು ದಿನ ಆಳಸಮುದ್ರದಲ್ಲಿದ್ದು ಬಂದ ಬೋಟಿನ ಹೊಟ್ಟೆಯಿಂದ ಮಂಜುಗಡ್ಡೆಯ ಪುಡಿಯೊಂದಿಗೆ ಮೀನು ಮೇಲೆ ಬರುತ್ತದೆ. ಅಂಜಲ್ ಮತ್ತು ಮಾಂಜಿ ಬೇರೆ, ಬೊಂಡಾಸ್ ಬೇರೆ, ಸಿಗಡಿ ಬೇರೆ, ಕಾರ್ಖಾನೆಗೆ ಹೋಗುವ ಮದ್ಮಲ್ ಬೇರೆ ಎಂದು ಆಯುವ ಕೈಗಳು ನಿಮಿಷಗಳಲ್ಲಿ ರಾಶಿಗಳನ್ನು ಮಾಡುತ್ತವೆ. ಏಲಂ ಕೂಗುವವನ ಸುತ್ತ ಲಾರಿಯ ವ್ಯಾಪಾರಿಗಳು ಒಂದು ಕಡೆ, ಬುಟ್ಟಿ ಹಿಡಿದ ಹೆಂಗಸರು ಇನ್ನೊಂದು ಕಡೆ ನಿಂತಿರುತ್ತಾರೆ. ಲಾರಿಯವರು ಕೇರಳಕ್ಕೋ ಗೋವೆಗೋ ಒಯ್ಯುವ ಲೆಕ್ಕದಲ್ಲಿ ಬೆಲೆ ಏರಿಸುತ್ತ ಹೋದಾಗ, ಬುಟ್ಟಿಯವರು ನಾಲ್ಕೈದು ಮಂದಿ ಸೇರಿ ಒಂದು ರಾಶಿಯನ್ನು ಕೊಂಡು ತಮ್ಮೊಳಗೆ ಹಂಚಿಕೊಳ್ಳುತ್ತಾರೆ. ರಂಪಣಿಯ ಪಾಲಿನ ಪದ್ಧತಿ ಇನ್ನೂ ಎಲ್ಲಿಯಾದರೂ ಉಸಿರಾಡುತ್ತಿದ್ದರೆ ಅದು ಇಲ್ಲಿಯೇ ಎಂಬುದು ನನ್ನ ಅನಿಸಿಕೆ.

ನನ್ನ ತಾಯಿಯೂ ಹೀಗೆಯೇ ಮೀನು ಕೊಂಡು ಮನೆಮನೆಗೆ ಹೊತ್ತು ಮಾರಿ ನಮ್ಮನ್ನು ಸಾಕಿದವರು. ಇಂಥ ಹೆಂಗಸರು ದಿನದ ವ್ಯಾಪಾರದಲ್ಲಿ ಉಳಿದ ಚಿಲ್ಲರೆಯನ್ನು ಪಿಗ್ಮಿಗೆ ಕಟ್ಟುತ್ತಿದ್ದರು. ಉಡುಪಿಯಲ್ಲಿ 1925ರಲ್ಲಿ ಹುಟ್ಟಿದ, ಮುಂದೆ ಸಿಂಡಿಕೇಟ್ ಬ್ಯಾಂಕ್ ಎಂದು ಹೆಸರಾದ ಸಂಸ್ಥೆಯು 1928ರಲ್ಲಿ ಪಿಗ್ಮಿ ಠೇವಣಿಯನ್ನು ಆರಂಭಿಸಿತು. ದಿನಗೂಲಿಯವರ, ಚಿಲ್ಲರೆ ವ್ಯಾಪಾರಿಗಳ ಬಾಗಿಲಿಗೇ ಬಂದು ಸಂಗ್ರಹಿಸಿದ ಆ ಪುಡಿಗಾಸು ಬ್ಯಾಂಕನ್ನು ಬೆಳೆಸಿತು ಎಂಬುದನ್ನು ನಮ್ಮ ಜಿಲ್ಲೆಯವರು ಹೆಮ್ಮೆಯಿಂದ ಹೇಳುತ್ತಾರೆ. ಅದೇ ಹೆಂಗಸರಿಗೆ ಬಂದರಿನಲ್ಲಿ ಕುಳಿತುಕೊಳ್ಳಲು ನೆರಳು, ಕೈತೊಳೆಯಲು ಶುದ್ಧ ನೀರು, ಬೀಗ ಹಾಕದೆ ಬಳಕೆಗೆ ಬಿಟ್ಟ ಶೌಚಾಲಯ ಇವೆಯೇ ಎಂದು ಹೆಮ್ಮೆಪಡುವವರು ಒಮ್ಮೆ ಹೋಗಿ ನೋಡಬೇಕು.

ಬೋಟಿನಲ್ಲಿ ದುಡಿಯುವವರ ಸ್ಥಿತಿ ಇನ್ನೂ ಸೂಕ್ಷ್ಮವಾದದ್ದು. ಬೋಟು ನಡೆಸುವ ತಾಂಡೇಲರು ಮತ್ತು ಕಲಾಸಿಗಳಲ್ಲಿ ಬಹಳಷ್ಟು ಜನ ಭಟ್ಕಳ, ಹೊನ್ನಾವರ, ಕುಮಟಾ ಕಡೆಯವರು. ಇತ್ತೀಚಿನ ವರ್ಷಗಳಲ್ಲಿ ಒಡಿಶಾ, ಆಂಧ್ರ, ಜಾರ್ಖಂಡ್‌ಗಳಿಂದ ಬಂದವರೂ ಸೇರಿದ್ದಾರೆ. 2018ರ ಡಿಸೆಂಬರ್ 13ರಂದು ಮಲ್ಪೆಯಿಂದ ಹೊರಟ ‘ಸುವರ್ಣ ತ್ರಿಭುಜ’ ಬೋಟು ಮಹಾರಾಷ್ಟ್ರದ ಕಡಲಿನಲ್ಲಿ ಕಾಣೆಯಾದಾಗ ಅದರಲ್ಲಿದ್ದ ಏಳು ಮಂದಿಯಲ್ಲಿ ಐವರು ಉತ್ತರ ಕನ್ನಡದವರಾಗಿದ್ದರು. ಮರುವರ್ಷದ ಜನವರಿಯಲ್ಲಿ ಇಡೀ ಬಂದರು ಕೆಲಸ ನಿಲ್ಲಿಸಿ ಹೆದ್ದಾರಿಗೆ ಇಳಿದು, ಅವರನ್ನು ಹುಡುಕಿಕೊಡಿ ಎಂದು ಒಂದೇ ದನಿಯಲ್ಲಿ ಕೇಳಿತು. ಮೇ ತಿಂಗಳ ಆರಂಭದಲ್ಲಿ ನೌಕಾಪಡೆಯವರು ಮಾಲ್ವಣದ ಸಮೀಪ ಕಡಲ ತಳದಲ್ಲಿ ಬೋಟಿನ ಅವಶೇಷವನ್ನು ಪತ್ತೆಹಚ್ಚಿದರು. ಏಳು ಮಂದಿಯಲ್ಲಿ ಯಾರೂ ಮರಳಲಿಲ್ಲ. ಊರು ಯಾವುದು, ಜಾತಿ ಯಾವುದು ಎಂದು ನೋಡದೆ ಬಂದರಿನ ಜನರೆಲ್ಲ ಒಂದೇ ಮನೆಯವರಂತೆ ಮರುಗಿದ ಆ ದಿನಗಳನ್ನು ನಾವು ಮರೆಯಬಾರದು. 2025ರ ಮಾರ್ಚ್‌ನಲ್ಲಿ ಮೀನು ಕದ್ದ ಆರೋಪ ಹೊರಿಸಿ, ಘಟ್ಟದ ಮೇಲಿನಿಂದ ದುಡಿಮೆಗೆ ಬಂದ ಮಹಿಳೆಯೊಬ್ಬರನ್ನು ಇದೇ ಬಂದರಿನಲ್ಲಿ ಮರಕ್ಕೆ ಕಟ್ಟಿ ಹೊಡೆದದ್ದನ್ನೂ ಮರೆಯಬಾರದು. ಅಂಥ ಕೃತ್ಯಕ್ಕೆ ಯಾವ ಸಮಜಾಯಿಷಿಯೂ ಇಲ್ಲ. ವಿಜಯನಗರ, ಕೊಪ್ಪಳ, ಬಾಗಲಕೋಟೆ ಕಡೆಯಿಂದ ಬಂದು ಮೀನು ಆಯುವವರ ಕೈಯಿಲ್ಲದೆ ನಮ್ಮ ಧಕ್ಕೆ ಒಂದು ಬೆಳಗೂ ನಡೆಯದು.

ಧಕ್ಕೆಯಲ್ಲೇ ಜೀವ ಕಳೆದುಕೊಳ್ಳುವವರ ವಿಚಾರವನ್ನು ಇಲ್ಲಿ ಹೇಳಲೇಬೇಕು. ಜಾಗ ಸಾಲದೆ ಬೋಟುಗಳನ್ನು ಒಂದರ ಪಕ್ಕ ಒಂದರಂತೆ ಹಲವು ಸಾಲು ಕಟ್ಟುತ್ತಾರೆ. ಹೊರಸಾಲಿನ ಬೋಟಿಗೆ ಹೋಗಬೇಕಾದವರು ರಾತ್ರಿಯ ಹೊತ್ತು ಬೋಟಿನಿಂದ ಬೋಟಿಗೆ ದಾಟುತ್ತ ಕಾಲು ಜಾರಿ ನಡುವಿನ ನೀರಿಗೆ ಬೀಳುತ್ತಾರೆ. ಕಡಲಿನ ಅಲೆಯನ್ನು ಗೆದ್ದು ಬಂದವರು ಹೀಗೆ ಧಕ್ಕೆಯ ಬುಡದಲ್ಲಿ ಸಾಯುವುದು ಸಹಿಸಲಾಗದ ಸಂಗತಿ. ಧಕ್ಕೆಯ ಗೋಡೆಗೆ ಅಲ್ಲಲ್ಲಿ ಕಬ್ಬಿಣದ ಏಣಿ, ಉದ್ದಕ್ಕೂ ಉರಿಯುವ ದೀಪ, ಕೈಗೆಟುಕುವಲ್ಲಿ ಹಗ್ಗ ಮತ್ತು ಲೈಫ್‌ಬಾಯ್‌ಗಳನ್ನು ಇಡುವುದಕ್ಕೆ ದೊಡ್ಡ ಯೋಜನೆಯೇನೂ ಬೇಕಾಗಿಲ್ಲ. ವರ್ಷವೂ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ಮೀನುಗಾರಿಕೆಗೆ ನಿಷೇಧವಿರುತ್ತದೆ, ನಾಡದೋಣಿಗಳು ಮಾತ್ರ ಕಡಲಿಗೆ ಇಳಿಯುತ್ತವೆ. ಧಕ್ಕೆಯಲ್ಲಿ ವ್ಯವಹಾರ ತಗ್ಗಿರುವ ಆ ಎರಡು ತಿಂಗಳಲ್ಲಿ, ಮಳೆ ಬಿಡುವು ಕೊಟ್ಟಾಗಲೆಲ್ಲ ಈ ಕೆಲಸಗಳನ್ನು ಮುಗಿಸಬಹುದು.

ಮಲ್ಪೆಗೆ ಪ್ರವಾಸಿಗರು ಬರುತ್ತಿರುವುದು ಸಂತೋಷವೇ. ಸೇಂಟ್ ಮೇರೀಸ್ ದ್ವೀಪದ ಕಂಬಕಲ್ಲುಗಳ ಬಗ್ಗೆ, ಸೀವಾಕ್‌ನ ಬಗ್ಗೆ ಅವರಿಗೆ ಮಾಹಿತಿ ಸಿಗುತ್ತದೆ. ರಂಪಣಿಯ ಬಗ್ಗೆ ಒಂದು ಫಲಕವಾದರೂ ನನ್ನ ಕಣ್ಣಿಗೆ ಬಿದ್ದಿಲ್ಲ. ರಂಪಣಿಯ ಹಗ್ಗ ಎಳೆದ ಹಿರಿಯರು ಇನ್ನೂ ಕೆಲವರು ನಮ್ಮ ನಡುವೆ ಇದ್ದಾರೆ. 1969ರಲ್ಲಿ ಸ್ಥಾಪನೆಯಾದ ಮಂಗಳೂರಿನ ಮೀನುಗಾರಿಕಾ ಕಾಲೇಜಿನ ವಿದ್ಯಾರ್ಥಿಗಳನ್ನು ತೊಡಗಿಸಿ ಅವರ ಮಾತುಗಳನ್ನು ಧ್ವನಿಮುದ್ರಿಸಿಕೊಳ್ಳಬೇಕು. ಎಲ್ಲಿಯಾದರೂ ಉಳಿದಿರುವ ರಂಪಣಿ ದೋಣಿಯೊಂದನ್ನೂ ಬಲೆಯ ತುಂಡುಗಳನ್ನೂ ತಂದು ಬಂದರಿನ ಆವರಣದಲ್ಲೇ ಇಡಬೇಕು. 1902ರಷ್ಟು ಹಿಂದೆಯೇ ಮುಂಬಯಿಯಲ್ಲಿ ಮೊಗವೀರ ವ್ಯವಸ್ಥಾಪಕ ಮಂಡಳಿಯನ್ನು ಕಟ್ಟಿಕೊಂಡ ಸಮಾಜಕ್ಕೆ ಇದು ಅಸಾಧ್ಯವಾದ ಕೆಲಸವಲ್ಲ. ಸರ್ಕಾರ ಜಾಗ ಕೊಟ್ಟರೆ ಉಳಿದದ್ದಕ್ಕೆ ಕೈಜೋಡಿಸುವವರು ಇದ್ದೇ ಇರುತ್ತಾರೆ.

ಎಲ್ಲಕ್ಕಿಂತ ಮೊದಲು ಆಗಬೇಕಾದದ್ದು ಇಷ್ಟು. ಬಂದರಿನ ಕಾಮಗಾರಿಗಳ ಬಗ್ಗೆ ಮೀನುಗಾರಿಕಾ ಇಲಾಖೆ ಮತ್ತು ಜಿಲ್ಲಾಡಳಿತ ಕರೆಯುವ ಪ್ರತಿಯೊಂದು ಸಭೆಗೂ ಬೋಟು ಮಾಲೀಕರ ಸಂಘಗಳ ಜೊತೆಗೆ ಹಸಿಮೀನು ಮಾರುವ ಮಹಿಳೆಯರ, ಕಲಾಸಿಗಳ ಮತ್ತು ಧಕ್ಕೆಯ ಕಾರ್ಮಿಕರ ಪ್ರತಿನಿಧಿಗಳನ್ನು ಲಿಖಿತವಾಗಿ ಆಹ್ವಾನಿಸಬೇಕು. ಸಭೆಯನ್ನು ಏಲಂ ಮುಗಿದ ಮೇಲೆ, ಅಂದರೆ ಮಧ್ಯಾಹ್ನದ ನಂತರ, ಬಂದರಿನಲ್ಲೇ ನಡೆಸಬೇಕು. ಮಣಿಪಾಲದ ಕಚೇರಿಗೆ ಬೆಳಿಗ್ಗೆ ಹನ್ನೊಂದಕ್ಕೆ ಬನ್ನಿ ಎಂದರೆ ಬುಟ್ಟಿ ಹೊತ್ತವರು ಬರಲಾರರು. ಮುಂದಿನ ನಿಷೇಧದ ಅವಧಿ ಆರಂಭವಾಗುವ ಮೊದಲೇ ಇಂಥದೊಂದು ಸಭೆ ಕರೆದು, ಏಣಿ, ದೀಪ, ನೀರು ಮತ್ತು ಶೌಚಾಲಯದ ಕೆಲಸಗಳನ್ನು ಅಲ್ಲಿಯೇ ನಿರ್ಧರಿಸಬೇಕೆಂದು ತಮ್ಮ ಪತ್ರಿಕೆಯ ಮೂಲಕ ಸಂಬಂಧಪಟ್ಟವರನ್ನು ವಿನಂತಿಸುತ್ತೇನೆ.

ಇತಿ ತಮ್ಮ ವಿಶ್ವಾಸಿ,
ಓದುಗರೊಬ್ಬರು, ಮಲ್ಪೆ