ಮಗುವಿನ ಹಿಂದೆ ಓಡುವ ಅಪ್ಪ ಗೆಲ್ಲುವುದಿಲ್ಲ

ಮಾನ್ಯ ಸಂಪಾದಕರೇ,

ವಿಡಿಯೊ ಗೇಮ್‌ಗಳ ಬಗ್ಗೆ ಕಳೆದ ವಾರ ತಮ್ಮ ಪತ್ರಿಕೆಯಲ್ಲಿ ಬಂದ ಲೇಖನದಲ್ಲಿ ‘ಹೂಸ್ ಯುವರ್ ಡ್ಯಾಡಿ’ ಎಂಬ ಆಟದ ಪ್ರಸ್ತಾಪವಿದ್ದು, ಅಂಬೆಗಾಲಿಡುವ ಕೂಸೊಂದು ಮನೆಯೊಳಗೆ ಅಪಾಯವನ್ನು ಹುಡುಕಿಕೊಂಡು ಹೋಗುವುದೇ ಅದರ ತಿರುಳೆಂದೂ, ಅದನ್ನು ಆಡಿದವರ ಮನಸ್ಸು ಕಲ್ಲಾಗುತ್ತದೆಂದೂ, ಆದ್ದರಿಂದ ಅದನ್ನು ನಿಷೇಧಿಸಬೇಕೆಂದೂ ಲೇಖಕರು ಬರೆದಿದ್ದಾರೆ. ಆ ಆಟದಲ್ಲಿ ಕೂಸಿನ ಎದುರಿಗೆ ಅಪ್ಪನೆಂಬ ಇನ್ನೊಬ್ಬ ಆಟಗಾರನೂ ಇದ್ದಾನೆ ಮತ್ತು ಅವನು ಗೆಲ್ಲಲೂಬಹುದು ಎಂಬ ಸಂಗತಿ ಲೇಖನದಲ್ಲಿ ಎಲ್ಲಿಯೂ ಇಲ್ಲ. ಅಪ್ಪನ ಪಾತ್ರ ವಹಿಸಿ ಒಂಬತ್ತು ಸಲ ಸೋತು, ಬಳಿಕ ಗೆಲ್ಲುವ ದಾರಿ ಕಂಡುಕೊಂಡವನಾಗಿ, ಬಿಟ್ಟುಹೋದ ಆ ಅರ್ಧವನ್ನು ತುಂಬಿಸುವುದಕ್ಕಾಗಿ ಈ ಪತ್ರ ಬರೆಯುತ್ತಿದ್ದೇನೆ.

ನಾನು ಚಿಂತಾಮಣಿಯಲ್ಲಿ 22 ವರ್ಷಗಳಿಂದ ಮನೆ ವೈರಿಂಗ್ ಕೆಲಸವನ್ನು ಗುತ್ತಿಗೆ ಹಿಡಿದು ಮಾಡಿಸುವವನು. ಮದುವೆ ತಡವಾಗಿ ಆದದ್ದರಿಂದ, ಜೊತೆಯವರು ಮಕ್ಕಳ ಕಾಲೇಜು ಫೀಸು ಕಟ್ಟುತ್ತಿರುವ ಈ ವಯಸ್ಸಿನಲ್ಲಿ ನನ್ನ ಮಗಳಿಗೆ 14 ತಿಂಗಳು. ತುಮಕೂರಿನಲ್ಲಿ ಎಂಜಿನಿಯರಿಂಗ್ ಓದುವ ಅಕ್ಕನ ಮಗ ರಜೆಗೆಂದು ಬಂದವನು ತನ್ನ ಲ್ಯಾಪ್‌ಟಾಪನ್ನೂ, ನಾನು ಬಿಲ್ಲು ಬರೆಯಲು ಇಟ್ಟುಕೊಂಡಿದ್ದ ಕಂಪ್ಯೂಟರನ್ನೂ ಜೋಡಿಸಿ, “ಮಾಮ, ನೀವು ಅಪ್ಪ, ನಾನು ಮಗು, ಬನ್ನಿ” ಎಂದು ಕೂರಿಸಿದ. ಮಗು ಸಾಕುವುದರಲ್ಲಿ ಹೇಗೂ ಅನುಭವವಿದೆ ಎಂಬ ಧೈರ್ಯದಿಂದ ಕುಳಿತ ನಾನು ಮೊದಲ ಆಟದಲ್ಲಿ ಅಡುಗೆಮನೆ ಎಲ್ಲಿದೆ ಎಂದು ಹುಡುಕುವಷ್ಟರಲ್ಲಿಯೇ ಸೋತಿದ್ದೆ.

ಜೋ ವಿಲಿಯಮ್ಸ್ ಎಂಬವರು ಜನರಿಂದ ಹಣ ಕೂಡಿಸಿ ತಯಾರಿಸಿ, 2015ರ ಡಿಸೆಂಬರ್‌ನಲ್ಲಿ ಸ್ಟೀಮ್ ಎಂಬ ಆನ್‌ಲೈನ್ ಆಟಗಳ ಅಂಗಡಿಯ ಮೂಲಕ ಮಾರಾಟಕ್ಕೆ ಬಿಟ್ಟ ಆಟ ಇದು. ಒಂದು ಮನೆ, ಅದರಲ್ಲಿ ಒಬ್ಬ ಅಪ್ಪ, ಒಂದು ಕೂಸು. ಸಿಂಕಿನ ಕೆಳಗಿನ ಬಾಟಲಿ, ಬ್ಯಾಟರಿ, ಪ್ಲಗ್ ಪಾಯಿಂಟ್, ಓವನ್, ಸ್ನಾನದ ತೊಟ್ಟಿ, ಒಡೆದ ಗಾಜು ಇವೆಲ್ಲ ಕೂಸಿನ ಕಡೆಗೆ. ಕಪಾಟುಗಳಿಗೆ ಬೀಗ ಹಾಕುವುದು, ಪ್ಲಗ್‌ಗಳನ್ನು ಮುಚ್ಚುವುದು ಅಪ್ಪನ ಕೆಲಸ. ಗಡುವು ಮುಗಿಯುವವರೆಗೆ ಕೂಸು ಉಳಿದರೆ ಅಪ್ಪ ಗೆದ್ದಂತೆ. ಕಲ್ಪನೆ ವಿಕಾರವಾದದ್ದು, ನಗೆಯೂ ಒರಟು ನಗೆ. ಎಂಟು ಹತ್ತು ವರ್ಷದ ಮಕ್ಕಳ ಕೈಗೆ ಕೊಡುವ ಆಟ ಇದಲ್ಲ ಎಂಬುದರಲ್ಲಿ ನಾನು ಲೇಖಕರ ಪಕ್ಕದಲ್ಲಿಯೇ ನಿಲ್ಲುತ್ತೇನೆ. ನನ್ನ ತಕರಾರು ಇರುವುದು, ದೊಡ್ಡವರಿಗೂ ಇದರಿಂದ ಏನೂ ಸಿಗದು ಎಂಬ ಅವರ ತೀರ್ಮಾನದ ಬಗ್ಗೆ.

ಅಪ್ಪನಾಗಿ ಕುಳಿತ ಪ್ರತಿಯೊಬ್ಬನೂ ಮಾಡುವ ತಪ್ಪನ್ನೇ ನಾನೂ ಮಾಡಿದೆ: ಕೂಸನ್ನು ಕಣ್ಣಿಗೆ ಕಟ್ಟಿಕೊಂಡು ಅದರ ಹಿಂದೆ ಓಡಿದೆ. ಅದರ ಕೈಯಿಂದ ಒಂದು ಬಾಟಲಿ ಕಿತ್ತುಕೊಂಡು ಉಸಿರು ಬಿಡುವ ಮೊದಲೇ ಅದು ಇನ್ನೊಂದು ಕಪಾಟಿನ ಮುಂದೆ ಇರುತ್ತಿತ್ತು. ಐದನೆಯ ಆಟವೋ ಆರನೆಯದೋ ಮುಗಿದಾಗ ಹುಡುಗ, “ಮಾಮ, ನೀವು ನನ್ನ ಹಿಂದೆ ಬರುವಷ್ಟು ಹೊತ್ತೂ ನನಗೆ ಲಾಭವೇ, ಉಳಿದ ಕೋಣೆಗಳೆಲ್ಲ ತೆರೆದೇ ಇರುತ್ತವೆ” ಎಂದು ನಕ್ಕ. ಸ್ಪರ್ಧೆ ಸಮಬಲದ್ದಲ್ಲ ಎಂಬುದು ಆಗ ಹೊಳೆಯಿತು. ಅಪ್ಪ ಎಲ್ಲ ಕಡೆಯೂ, ಎಲ್ಲ ಕ್ಷಣವೂ ಗೆಲ್ಲಬೇಕು. ಕೂಸಿಗೆ ಒಂದೇ ಕಡೆ, ಒಂದೇ ಸಲ ಸಾಕು. ಇಂಥ ಕಡೆ ಓಟದ ವೇಗದಿಂದ ಪ್ರಯೋಜನವಿಲ್ಲ, ಓಡಬೇಕಾದ ಸಂದರ್ಭಗಳನ್ನೇ ಕಡಿಮೆ ಮಾಡಬೇಕು.

ಹತ್ತನೆಯ ಆಟದಲ್ಲಿ ಆರಂಭದ ಹೊತ್ತನ್ನು ಕೂಸಿನ ಕಡೆ ತಿರುಗಿಯೂ ನೋಡದೆ ಅಡುಗೆಮನೆಗೆ ಕೊಟ್ಟೆ. ಸಿಂಕಿನ ಕೆಳಗಿನ ಕಪಾಟು ಮೊದಲು, ಅದರ ಅಕ್ಕಪಕ್ಕದವು ಆಮೇಲೆ, ಕೊನೆಗೆ ಆ ಕೋಣೆಯ ಪ್ಲಗ್‌ಗಳು. ಒಂದು ಕೋಣೆಯನ್ನು ಪೂರ್ತಿ ಭದ್ರ ಮಾಡಿದ ಹೊರತು ಎರಡನೆಯದಕ್ಕೆ ಕಾಲಿಡಬಾರದು ಎಂಬುದೇ ನಾನು ಮಾಡಿಕೊಂಡ ಮೊದಲ ನಿಯಮ. ಎಲ್ಲ ಕೋಣೆಗಳಲ್ಲೂ ಒಂದೊಂದು ಬೀಗ ಹಾಕಿಟ್ಟವನು ಯಾವ ಕೋಣೆಯನ್ನೂ ನಂಬಿ ಬೆನ್ನು ತಿರುಗಿಸಲಾರ; ಒಂದು ಕೋಣೆಯನ್ನು ಮುಗಿಸಿದವನು ಅಷ್ಟು ಜಾಗವನ್ನಾದರೂ ಲೆಕ್ಕದಿಂದ ತೆಗೆದುಹಾಕಬಹುದು. ವೈರಿಂಗ್‌ನಲ್ಲಿಯೂ ನಾವು ಒಂದು ಸರ್ಕ್ಯೂಟನ್ನು ಪರೀಕ್ಷಿಸಿ ಮುಗಿಸದೆ ಇನ್ನೊಂದಕ್ಕೆ ಕೈ ಹಾಕುವುದಿಲ್ಲವಾದ್ದರಿಂದ ಈ ಬುದ್ಧಿ ನನಗೆ ಮೊದಲೇ ಬರಬೇಕಿತ್ತು.

ಮನೆಗೆಲಸಗಳ ವಿಚಾರದಲ್ಲಿ ಸ್ವಲ್ಪ ಹೆಚ್ಚು ಹೇಳಬೇಕು. ಆಟದಲ್ಲಿ ಅಪ್ಪನಿಗೆ ಕೆಲವು ಮನೆಗೆಲಸಗಳಿದ್ದು, ಅವನ್ನು ಮಾಡಿ ಮುಗಿಸಿದರೆ ವಿಶೇಷ ಶಕ್ತಿಗಳು ಸಿಗುತ್ತವೆ. ಹೊಸಬರು ಎರಡು ರೀತಿಯಲ್ಲಿ ಕೆಡುತ್ತಾರೆ. ಕೆಲವರು ಕೂಸಿನ ಆತಂಕದಲ್ಲಿ ಕೆಲಸಗಳನ್ನು ಮುಟ್ಟುವುದೇ ಇಲ್ಲ, ಹಾಗಾಗಿ ಕೊನೆಯ ನಿಮಿಷದಲ್ಲಿ ಬರಿಗೈಯಲ್ಲಿ ನಿಲ್ಲುತ್ತಾರೆ. ಇನ್ನು ಕೆಲವರು ಶಕ್ತಿಯ ಆಸೆಗೆ ಬಿದ್ದು ಮನೆಯ ಈ ತುದಿಯಿಂದ ಆ ತುದಿಗೆ ಅಲೆಯುತ್ತಾರೆ. ನನಗೆ ಫಲಿಸಿದ್ದು, ಬೀಗ ಹಾಕಲು ಹೋಗುವ ದಾರಿಯಲ್ಲಿಯೇ ಸಿಗುವ ಕೆಲಸವನ್ನು ಮಾತ್ರ ಮಾಡುವುದು ಮತ್ತು ಒಂದಾದರೂ ಕೋಣೆ ಭದ್ರವಾಗುವವರೆಗೆ ಅದಕ್ಕೂ ಕೈ ಹಾಕದಿರುವುದು. ಗಳಿಸಿದ ಶಕ್ತಿಯನ್ನು ಸಿಕ್ಕ ಕೂಡಲೇ ಖರ್ಚು ಮಾಡಬಾರದು. ಗಡುವಿನ ಕೊನೆಯ ಭಾಗದಲ್ಲಿ ಕೂಸಿನ ಆಟಗಾರ ಅವಸರಕ್ಕೆ ಬಿದ್ದು ಒಂದೇ ಜಾಗದ ಮೇಲೆ ಮುಗಿಬೀಳುತ್ತಾನೆ, ಅದು ಆಗ ಬೇಕಾಗುತ್ತದೆ. ಕಣ್ಣಿಗಿಂತ ಕಿವಿ ಹೆಚ್ಚು ಕೆಲಸಕ್ಕೆ ಬರುತ್ತದೆ ಎಂಬುದನ್ನೂ ಸೇರಿಸುತ್ತೇನೆ: ಪಕ್ಕದ ಕೋಣೆಯಲ್ಲಿ ಕಪಾಟಿನ ಬಾಗಿಲು ಸದ್ದು ಮಾಡಿದ್ದನ್ನು ಕೇಳಿಸಿಕೊಂಡೇ ನಾನು ಹನ್ನೊಂದನೆಯ ಆಟವನ್ನು ಉಳಿಸಿಕೊಂಡದ್ದು. ಹಿಂದೆ ಟಿ.ವಿ. ಹಚ್ಚಿಕೊಂಡು ಆಡುವವರಿಗೆ ಈ ಅನುಕೂಲ ಇಲ್ಲ.

ಆದರೆ ನನ್ನ ಆಟ ನಿಜವಾಗಿ ಸುಧಾರಿಸಿದ್ದು ಪಾತ್ರ ಬದಲಿಸಿ ಕೂಸಾದಾಗ. ಈ ಆಟದಲ್ಲಿ ನಾವು ಪಾತ್ರದ ಕಣ್ಣಿನಿಂದಲೇ ಮನೆಯನ್ನು ನೋಡುತ್ತೇವೆ. ಅಪ್ಪನಿಗೆ ಕಾಣುವುದು ಮೇಜಿನ ಮೇಲ್ಭಾಗ, ಒಲೆ, ಕಿಟಕಿ. ಕೂಸಿಗೆ ಕಾಣುವುದು ಮೇಜಿನ ಕೆಳಭಾಗ, ಸಿಂಕಿನ ಕೆಳಗಿನ ಕತ್ತಲೆ, ಗೋಡೆಯ ಬುಡದ ಪ್ಲಗ್ ಪಾಯಿಂಟು. ಅಪ್ಪನಾಗಿದ್ದಾಗ ಹತ್ತು ಸಲ ದಾಟಿಹೋಗಿದ್ದ ಒಂದು ಪ್ಲಗ್ ಪಾಯಿಂಟು ಕೂಸಾದ ಕೂಡಲೇ ಮುಖದ ಎದುರಿಗೇ ಬಂದು ನಿಂತಾಗ, 22 ವರ್ಷ ಗೋಡೆಗಳಿಗೆ ಬಾಕ್ಸ್ ಕೂರಿಸಿದ ನನಗೆ ಸ್ವಲ್ಪ ನಾಚಿಕೆಯೇ ಆಯಿತು. ಕೂಸಾಗಿ ಗೆಲ್ಲುವ ತಂತ್ರ ಅಷ್ಟೇನೂ ಗಹನವಲ್ಲ: ಒಂದು ಮೂಲೆಯಲ್ಲಿ ಬೇಕೆಂದೇ ಸದ್ದು ಮಾಡಿ ಅಪ್ಪನನ್ನು ಅಲ್ಲಿಗೆ ಕರೆಸಿಕೊಂಡು ಇನ್ನೊಂದು ಮೂಲೆಗೆ ಹೋಗುವುದು, ತಡೆದ ಕಡೆ ಹಟ ಮಾಡದಿರುವುದು. ಅಪ್ಪನ ಗಾಬರಿಯೇ ಕೂಸಿನ ಬಂಡವಾಳ. ಇದನ್ನು ತಿಳಿದ ಮೇಲೆ, ಅಪ್ಪನಾಗಿ ಕುಳಿತಾಗ ಸದ್ದು ಬಂದ ಕಡೆ ಹೋಗುವ ಮುನ್ನ ಕೈಯಲ್ಲಿರುವ ಬೀಗವನ್ನು ಹಾಕಿ ಮುಗಿಸುವ ಅಭ್ಯಾಸ ಬಂತು.

ಹತ್ತನೆಯ ಆಟ ಗೆದ್ದ ಸಂತೋಷದಲ್ಲಿ ನಾನು ಎದ್ದು ನೀರು ಕುಡಿಯಲು ಹೋದಾಗ, ನಮ್ಮ ಸ್ವಂತ ಅಡುಗೆಮನೆಯಲ್ಲಿ ಸಿಂಕಿನ ಕೆಳಗೆ ತಂಪು ಪಾನೀಯದ ಹಳೆಯ ಬಾಟಲಿಯೊಂದರಲ್ಲಿ ಫಿನಾಯಿಲ್ ತುಂಬಿಟ್ಟಿದ್ದು ಕಣ್ಣಿಗೆ ಬಿತ್ತು. ಚೀಟಿ ಸಹ ಕಿತ್ತಿರಲಿಲ್ಲ. ತುಂಬಿಟ್ಟವರು ಯಾರೆಂದು ಕೇಳುವ ಅಗತ್ಯವಿರಲಿಲ್ಲ, ಐದು ಲೀಟರ್ ಕ್ಯಾನು ತಂದು ಸುರಿದುಕೊಟ್ಟವನು ನಾನೇ. ಜಾತ್ರೆಯಲ್ಲಿ ಕೊಂಡ ಮಿನುಗುವ ಬುಗುರಿಯ ತಳದಲ್ಲಿ ಗುಂಡಿಯಾಕಾರದ ಮೂರು ಬ್ಯಾಟರಿಗಳಿದ್ದು, ಅದರ ಮುಚ್ಚಳಕ್ಕೆ ಸ್ಕ್ರೂ ಇರಲಿಲ್ಲ, ಉಗುರಿನಿಂದ ಎತ್ತಿದರೆ ಬರುತ್ತಿತ್ತು. ಇಂಥ ಬ್ಯಾಟರಿ ಮಗುವಿನ ಅನ್ನನಾಳದಲ್ಲಿ ಸಿಕ್ಕಿಕೊಂಡರೆ ಎರಡು ಗಂಟೆಯೊಳಗೇ ಒಳಗೆ ಸುಡುಗಾಯ ಮಾಡಬಲ್ಲದು, ಆದ್ದರಿಂದ ತಾನಾಗಿಯೇ ಹೊರಗೆ ಬರಲಿ ಎಂದು ಮನೆಯಲ್ಲಿ ಕಾಯದೆ ಆಸ್ಪತ್ರೆಗೆ ಓಡಬೇಕು. ಆಟದಲ್ಲಿ ಬ್ಯಾಟರಿಯನ್ನು ಕಂಡು ನಕ್ಕಿದ್ದ ಹುಡುಗ ಆ ಬುಗುರಿಯನ್ನು ತಾನೇ ಎತ್ತಿ ಅಟ್ಟಕ್ಕೆ ಹಾಕಿದ.

ಪ್ಲಗ್ ಪಾಯಿಂಟಿನ ಬಗ್ಗೆ ನನ್ನ ಕಸುಬಿನ ಮಾತೊಂದನ್ನು ಹೇಳದೆ ಮುಂದೆ ಹೋಗಲಾರೆ. ಒಳ್ಳೆಯ ಮೂರು ಪಿನ್ ಸಾಕೆಟ್ಟಿನಲ್ಲಿ ಕೆಳಗಿನ ಎರಡು ರಂಧ್ರಗಳಿಗೆ ಒಳಗಿನಿಂದ ಷಟರ್ ಇರುತ್ತದೆ. ಮೇಲಿನ ಉದ್ದನೆಯ ಅರ್ಥ್ ಪಿನ್ ಒಳಹೊಕ್ಕಾಗ ಮಾತ್ರ ಅದು ಸರಿಯುತ್ತದೆ. ಎರಡು ಪಿನ್ನಿನ ಮೊಬೈಲ್ ಚಾರ್ಜರ್ ಅದರಲ್ಲಿ ಕೂರದಿದ್ದಾಗ ನಾವೆಲ್ಲರೂ ಮೇಲಿನ ರಂಧ್ರಕ್ಕೆ ಪೆನ್ನನ್ನೋ ಟೆಸ್ಟರನ್ನೋ ತೂರಿಸಿ ಷಟರ್ ಸರಿಸುತ್ತೇವೆ. ಇದನ್ನು ದಿನಕ್ಕೆರಡು ಸಲ ಕೆಳಗೆ ಕುಳಿತು ನೋಡುವ ಮಗು ಏನನ್ನು ಕಲಿಯುತ್ತದೆ ಎಂದು ನಾನು ಯೋಚಿಸಿರಲಿಲ್ಲ. ಮಳೆಗಾಲದಲ್ಲಿ ಪದೇ ಪದೇ ಟ್ರಿಪ್ ಆಗುತ್ತದೆಂದು ಗಿರಾಕಿಗಳು ಆರ್‌ಸಿಸಿಬಿ ಎಂಬ ಸುರಕ್ಷಾ ಸ್ವಿಚ್ಚನ್ನೇ ಬೈಪಾಸ್ ಮಾಡಿಸುತ್ತಾರೆ. 30 ಮಿಲಿಆಂಪಿಯರ್ ಸೋರಿಕೆಗೆ ವಿದ್ಯುತ್ ಕಡಿಯುವ ಆ ಡಬ್ಬಿಯೇ ಅಪ್ಪನ ಕೊನೆಯ ಬೀಗ. ಹೇಳಿದಂತೆ ಕೇಳಿ ಅದನ್ನು ಕಿತ್ತುಕೊಟ್ಟವರಲ್ಲಿ ನಾನೂ ಒಬ್ಬ. ಈಗ ಬಿಟ್ಟಿದ್ದೇನೆ. ಟ್ರಿಪ್ ಆಗುತ್ತಿದೆಯೆಂದರೆ ಸೋರಿಕೆ ಎಲ್ಲಿದೆಯೆಂದು ಹುಡುಕಿಕೊಡುತ್ತೇನೆ, ಕೂಲಿ ಹೆಚ್ಚಾಗುತ್ತದೆಂದು ಬೈಸಿಕೊಳ್ಳುತ್ತೇನೆ.

ಈ ಆಟವನ್ನು ನಮ್ಮ ಕಡೆಯವರು ಯಾರಾದರೂ ತಯಾರಿಸಿದ್ದರೆ ಮನೆಯ ನಕ್ಷೆಯೇ ಬೇರೆ ಇರುತ್ತಿತ್ತು. ಓವನ್ನಿನ ಜಾಗದಲ್ಲಿ ನೆಲದ ಮೇಲೆ ಇಳಿಸಿಟ್ಟ ಸಾರಿನ ಪಾತ್ರೆ, ಸ್ನಾನದ ತೊಟ್ಟಿಯ ಜಾಗದಲ್ಲಿ ಸಂಪು. ಕೋಲಾರ, ಚಿಕ್ಕಬಳ್ಳಾಪುರದ ಪಟ್ಟಣಗಳಲ್ಲಿ ದಿನವೂ ನಲ್ಲಿ ನೀರು ಬರುವುದಿಲ್ಲವಾದ್ದರಿಂದ ಮನೆಯ ಮುಂದೆ ಸಂಪು ಇರಲೇಬೇಕು, ನೀರಿನ ಮಟ್ಟ ನೋಡಲು ತೆಗೆದ ಮುಚ್ಚಳ ಎಷ್ಟೋ ಸಲ ಪಕ್ಕದಲ್ಲಿಯೇ ಇರುತ್ತದೆ. ಹಳ್ಳಿಗೆ ಹೋದರೆ ಕೃಷಿ ಹೊಂಡ. ಕೃಷಿ ಭಾಗ್ಯ ಯೋಜನೆ ಬಂದ 2014ರಿಂದ ಈಚೆಗೆ ನಮ್ಮ ಬಯಲುಸೀಮೆಯ ಹೊಲಗಳಲ್ಲಿ ತೋಡಿದ ಈ ಹೊಂಡಗಳಿಗೆ ನೀರು ಇಂಗದಂತೆ ಪ್ಲಾಸ್ಟಿಕ್ ಹೊದಿಕೆ ಹಾಸಿರುತ್ತಾರೆ, ಒದ್ದೆಯಾದ ಆ ಹೊದಿಕೆಯ ಮೇಲೆ ಈಜು ಬಲ್ಲ ದೊಡ್ಡವರ ಕಾಲೂ ನಿಲ್ಲುವುದಿಲ್ಲ. ಸುತ್ತ ತಂತಿ ಬೇಲಿ ಹಾಕಿಸುವುದು, ದಡದಿಂದ ನೀರಿಗೆ ಗಂಟು ಹಾಕಿದ ಒಂದು ಹಗ್ಗವನ್ನು ಇಳಿಬಿಡುವುದು ಆಟದ ಲೆಕ್ಕದಲ್ಲಿ ‘ಮೊದಲ ಕೋಣೆ’ಯ ಕೆಲಸ.

ಓಡುವುದಕ್ಕೂ ಮೊದಲೇ ಮುಚ್ಚುವುದಕ್ಕೂ ಇರುವ ಅಂತರಕ್ಕೆ ಕೊಳವೆಬಾವಿಗಿಂತ ಸ್ಪಷ್ಟವಾದ ಉದಾಹರಣೆ ನನಗೆ ಕಾಣುವುದಿಲ್ಲ. ಬತ್ತಿದ ಕೊಳವೆಬಾವಿಗಳನ್ನು ಮುಚ್ಚುವ ಬಗ್ಗೆ ಸುಪ್ರೀಂ ಕೋರ್ಟ್ 2010ರಲ್ಲಿಯೇ ಮಾರ್ಗಸೂಚಿ ಕೊಟ್ಟಿದೆ. 2024ರ ಏಪ್ರಿಲ್‌ನಲ್ಲಿ ವಿಜಯಪುರ ಜಿಲ್ಲೆಯ ಲಚ್ಯಾಣದಲ್ಲಿ ಕೊಳವೆಬಾವಿಗೆ ಬಿದ್ದ ಎರಡು ವರ್ಷದ ಬಾಲಕನನ್ನು ಜೀವಂತವಾಗಿ ಮೇಲೆತ್ತಿದ್ದನ್ನು ನಾಡಿಗೆ ನಾಡೇ ಉಸಿರು ಬಿಗಿಹಿಡಿದು ನೋಡಿತು. ಅದಕ್ಕೆ ಯಂತ್ರಗಳು, ಸಿಬ್ಬಂದಿ ಮತ್ತು ಸುಮಾರು 20 ಗಂಟೆ ಬೇಕಾಯಿತು. ಕೇಸಿಂಗ್ ಪೈಪಿನ ಬಾಯಿಗೆ ಕ್ಯಾಪ್ ಹಾಕಿ ಬಿಗಿಯಲು ನನ್ನ ಕೆಲಸದ ಹುಡುಗನಿಗೆ ಹತ್ತು ನಿಮಿಷ ಸಾಕು.

ನಾವು ಒಟ್ಟು 13 ಆಟ ಆಡಿದೆವು. ಅಪ್ಪನಾಗಿ ಆಡಿದ ಹನ್ನೆರಡರಲ್ಲಿ ನಾನು ಗೆದ್ದದ್ದು ಕೊನೆಯ ಮೂರನ್ನು ಮಾತ್ರ, ಕೂಸಾಗಿ ಆಡಿದ ಒಂದೇ ಆಟವನ್ನು ಗೆದ್ದೆ. ಹುಡುಗ ದಸರಾ ರಜೆಗೆ ಮತ್ತೆ ಬರುತ್ತಾನೆ. ಲೇಖಕರು ಆ ಹೊತ್ತಿಗೆ ಈ ಕಡೆ ಬರುವುದಾದರೆ ನಮ್ಮಲ್ಲಿ ಎರಡು ಕಂಪ್ಯೂಟರ್ ಇವೆ, ಅಪ್ಪನ ಪಾತ್ರವನ್ನು ಅವರಿಗೇ ಬಿಟ್ಟುಕೊಡುತ್ತೇವೆ.

ಇಂತಿ,
ಒಬ್ಬ ವೈರಿಂಗ್ ಗುತ್ತಿಗೆದಾರ,
ಚಿಂತಾಮಣಿ, ಚಿಕ್ಕಬಳ್ಳಾಪುರ ಜಿಲ್ಲೆ