ಸದಸ್ಯತ್ವ ಕಿತ್ತುಕೊಳ್ಳಲು ಮೂರು ದಿನ ಸಾಕೇ?

ಮಾನ್ಯ ಸಂಪಾದಕರೇ,

ಗ್ರಾಮ ಪಂಚಾಯಿತಿ ಸದಸ್ಯರನ್ನು ವಜಾ ಮಾಡಿದ ಸುದ್ದಿ ಪೇಪರಿನಲ್ಲಿ ಬಂದಾಗಲೆಲ್ಲ ನನಗೆ ನಮ್ಮ ಮನೆಯ ದನದ ಕೊಟ್ಟಿಗೆ ನೆನಪಾಗುತ್ತದೆ.

ನಾನು 2015ರಲ್ಲಿ ಗೆದ್ದು ಒಂದು ಅವಧಿಗೆ ಸದಸ್ಯೆಯಾಗಿದ್ದೆ. 2018ರ ಒಂದು ಶುಕ್ರವಾರ ಸಂಜೆ ಕಣದಲ್ಲಿ ರಾಗಿ ತೂರುತ್ತಿದ್ದಾಗ ನೀರುಗಂಟಿ ಬಂದು, 'ಅಕ್ಕಾ, ಇಲ್ಲೊಂದು ಸೈನ್ ಹಾಕಿ' ಎಂದು ಕವರ್ ಕೊಟ್ಟ. ಒಳಗಿದ್ದದ್ದು ನೋಟಿಸ್. ಕರ್ತವ್ಯದಲ್ಲಿ ದುರ್ನಡತೆ ಎಂದು ದೂರು ಬಂದಿದೆ, ಸೋಮವಾರ 11 ಗಂಟೆಗೆ ಖುದ್ದು ಹಾಜರಾಗಿ ಸಮಜಾಯಿಷಿ ಕೊಡತಕ್ಕದ್ದು, ತಪ್ಪಿದರೆ ನಿಮ್ಮದು ಹೇಳಿಕೆ ಏನೂ ಇಲ್ಲವೆಂದು ಭಾವಿಸಲಾಗುವುದು. ಕೆಳಗೆ 'ಲಗತ್ತು: ದೂರಿನ ಪ್ರತಿ' ಎಂದು ಟೈಪಾಗಿತ್ತು. ಕವರ್ ತಲೆಕೆಳಗು ಮಾಡಿ ಕೊಡವಿದರೂ ಲಗತ್ತು ಇರಲಿಲ್ಲ. ಮಾರನೇ ದಿನ ಎರಡನೇ ಶನಿವಾರ, ಆಮೇಲೆ ಭಾನುವಾರ. ಯಾರನ್ನು ಕೇಳುವುದು?

ಸೋಮವಾರ ಕಚೇರಿಗೆ ಹೋದ ಮೇಲೆಯೇ ನನ್ನ ತಪ್ಪು ಏನೆಂದು ಗೊತ್ತಾಗಿದ್ದು. ಗುಮಾಸ್ತರು ಫೈಲ್ ತಿರುವುತ್ತಾ, 'ಸದಸ್ಯರಾಗಿ ನರೇಗಾದಲ್ಲಿ ಕೊಟ್ಟಿಗೆ ಮಾಡಿಸ್ಕೊಂಡಿದ್ದೀರಂತಲ್ಲ' ಎಂದರು. ಆ ಕೊಟ್ಟಿಗೆ ನಮ್ಮ ಅತ್ತೆಯವರ ಹೆಸರಿನದು. ಮಂಜೂರಾಗಿದ್ದೂ ಕಟ್ಟಿದ್ದೂ ನಾನು ಚುನಾವಣೆಗೆ ನಿಲ್ಲುವ ಮುಂಚೆ. ಕಾಮಗಾರಿ ಆದೇಶ ಮನೆಯ ಟ್ರಂಕಿನಲ್ಲಿ ಭದ್ರವಾಗಿತ್ತು. ಆರೋಪವೇ ಗೊತ್ತಿಲ್ಲದೆ ಅದನ್ನು ಹೇಗೆ ತರಲಿ? ಒಂದು ವಾರ ಟೈಮ್ ಕೇಳೋಣವೆಂದರೆ ಸಾಹೇಬರು ಮೀಟಿಂಗಿಗೆ ಹೋಗಿದ್ದರು. ನಾಲ್ಕು ಗಂಟೆಯವರೆಗೆ ಬೆಂಚಿನ ಮೇಲೆ ಕೂತೆ. ಕೊನೆಗೆ ಒಂದು ಹಾಳೆ ಮುಂದಿಟ್ಟು ಸಹಿ ಕೇಳಿದರು. 'ಸದರಿಯವರ ಅಹವಾಲು ಆಲಿಸಲಾಯಿತು' ಎಂದು ಅದಾಗಲೇ ಬರೆದಿತ್ತು! ನಾನು ಸುಮ್ನೆ ಸಹಿ ಹಾಕಲಿಲ್ಲ. 'ದೂರಿನ ಪ್ರತಿ ಕೊಟ್ಟಿಲ್ಲ, ನನ್ನ ಮಾತು ಯಾರೂ ಕೇಳಿಲ್ಲ' ಎಂದು ಕೆಳಗೆ ಬರೆದು ಆಮೇಲೆ ಹಾಕಿದೆ. ನನ್ನನ್ನು ಉಳಿಸಿದ್ದು ಆ ಸಾಲೇ ಎಂದು ವಕೀಲರು ಈಗಲೂ ಹೇಳುತ್ತಾರೆ. ಆಗ ನಮ್ಮ ಗೌರವಧನ ತಿಂಗಳಿಗೆ 1,000 ರೂಪಾಯಿ. ಓಡಾಟಕ್ಕೆ, ಜೆರಾಕ್ಸಿಗೆ ಅದಕ್ಕಿಂತ ಜಾಸ್ತಿಯೇ ಹೋಯಿತು.

ನಮ್ಮ ಪಂಚಾಯತ್ ರಾಜ್ ಕಾಯ್ದೆಯ 43-ಎ ಪ್ರಕಾರ ಸರ್ಕಾರ ಸದಸ್ಯರನ್ನು ದುರ್ನಡತೆಗಾಗಿ ತೆಗೆಯಬಹುದು. ಅಹವಾಲು ಹೇಳಲು ಅವಕಾಶ ಕೊಡಬೇಕು, ಅಗತ್ಯವೆನಿಸಿದ ವಿಚಾರಣೆ ನಡೆಸಬೇಕು ಎಂದಿದೆ. ಯಾರಿಗೆ ಅಗತ್ಯವೆನಿಸಬೇಕು? ತೆಗೆಯುವವರಿಗೇ! ಎಷ್ಟು ದಿನದ ಅವಕಾಶ ಎಂದು ಆ ಸೆಕ್ಷನ್ ಹೇಳುವುದಿಲ್ಲ. ಅದೇ ಅಧ್ಯಕ್ಷರ ಮೇಲಿನ ಅವಿಶ್ವಾಸಕ್ಕೆ 1994ರ ನಿಯಮಗಳಿವೆ. ಉಪವಿಭಾಗಾಧಿಕಾರಿ ಸಭೆ ಕರೆಯಲು ಪೂರ್ತಿ 15 ದಿನ ಮುಂಚೆ ನೋಟಿಸ್ ಕೊಡಬೇಕು, ಮೂರನೇ ಎರಡರಷ್ಟು ಸದಸ್ಯರು ಒಪ್ಪಬೇಕು. ಆ 15 ದಿನ ಎಣಿಸುವ ಜಗಳ ಹೈಕೋರ್ಟಿನವರೆಗೂ ಹೋಗಿದೆ. ಬರೀ ನಂಬಿಕೆ ಹೋಯಿತು ಎನ್ನಲು 15 ದಿನ, ಕಳ್ಳತನದ ಹಾಗಿನ ಆರೋಪಕ್ಕೆ ಮೂರು ದಿನ. ಇದು ಯಾವ ಲೆಕ್ಕ?

ಸುಪ್ರೀಂ ಕೋರ್ಟ್ 2012ರಲ್ಲೇ ಮಹಾರಾಷ್ಟ್ರದ ಉರಣ್ ನಗರ ಪರಿಷತ್ ಅಧ್ಯಕ್ಷರ ಪ್ರಕರಣದಲ್ಲಿ, ಜನ ಆರಿಸಿದವರನ್ನು ಮನಬಂದಂತೆ ಕಿತ್ತುಹಾಕಲಾಗದು ಎಂದಿತ್ತು. 2024ರ ಸೆಪ್ಟೆಂಬರಿನಲ್ಲಿ ಜಳಗಾಂವ್ ಜಿಲ್ಲೆಯ ವಿಚಖೇಡಾ ಗ್ರಾಮದ ಸರಪಂಚೆಯೊಬ್ಬರನ್ನು (ನಮ್ಮಲ್ಲಿಯ ಗ್ರಾಮ ಪಂಚಾಯಿತಿ ಅಧ್ಯಕ್ಷೆಯ ಹಾಗೆ) ಮತ್ತೆ ಕುರ್ಚಿಯಲ್ಲಿ ಕೂರಿಸಿತು. ಸರ್ಕಾರಿ ಜಾಗದಲ್ಲಿರುವ ಅತ್ತೆಯ ಮನೆಯಲ್ಲಿ ವಾಸವಿದ್ದಾರೆ ಎಂಬುದು ಅವರ ಮೇಲಿನ ದೂರು. ತಾನು ಗಂಡ, ಮಕ್ಕಳೊಂದಿಗೆ ಬೇರೆ ಬಾಡಿಗೆ ಮನೆಯಲ್ಲಿದ್ದೇನೆ ಎಂದು ಆಕೆ ಹೇಳಿದರೂ ಕೆಳಗಿನವರು ಸರಿಯಾಗಿ ಪರಿಶೀಲಿಸಲಿಲ್ಲ. ಹೆಣ್ಣುಮಗಳು ಗೆದ್ದದ್ದನ್ನು ಊರವರಿಗೆ ಸಹಿಸಲಾಗಲಿಲ್ಲ ಎಂದು ಕೋರ್ಟೇ ಹೇಳಿತು. ಆ ಸುದ್ದಿಯನ್ನು ನಮ್ಮ ಅತ್ತೆಯವರಿಗೂ ಓದಿ ಹೇಳಿದೆ. 'ಅಲ್ಲೂ ಅತ್ತೆ ಹೆಸರೇನಾ' ಅಂದರು.

ತಪ್ಪು ಮಾಡಿದ ಸದಸ್ಯರನ್ನು ಬಿಟ್ಟುಬಿಡಿ ಎನ್ನುತ್ತಿಲ್ಲ. ಅಂಥವರ ಜೊತೆ ಐದು ವರ್ಷ ಕೂತು ಬಂದವಳು ನಾನು. ನೋಟಿಸಿಗೆ ಕನಿಷ್ಠ 15 ದಿನ ಕೊಡಲಿ. ದೂರಿನ ಪ್ರತಿ ಲಗತ್ತಾಗದ ನೋಟಿಸ್ ನೋಟಿಸೇ ಅಲ್ಲ ಎಂದು ನಿಯಮದಲ್ಲೇ ಬರೆಯಲಿ. ಜಾಗ ನೋಡಬೇಕಾದ ಆರೋಪವಿದ್ದರೆ ಅಧಿಕಾರಿ ಹೋಗಿ ನೋಡಲಿ. ನಮ್ಮಲ್ಲಿಗೆ ಒಬ್ಬರೂ ಬರಲಿಲ್ಲ. ಬಂದಿದ್ದರೆ ಕೊಟ್ಟಿಗೆ ಗೋಡೆಯ ನಾಮಫಲಕದಲ್ಲಿ ಅತ್ತೆಯ ಹೆಸರು, ಪಕ್ಕದಲ್ಲಿ 2014-15 ಎಂಬುದು ಕಾಣುತ್ತಿತ್ತು. ಎಮ್ಮೆ ಮೈ ಉಜ್ಜಿ ಅರ್ಧ ಅಳಿಸಿದೆ, ಆದರೂ ಓದಬಹುದು. ಏಳು ತಿಂಗಳ ಮೇಲೆ ಗುಮಾಸ್ತರು ಫೋನಿನಲ್ಲಿ 'ಕ್ಲೋಸ್ ಆಯ್ತು ಬಿಡಿ' ಎಂದರು. ಆ ಆದೇಶದ ಪ್ರತಿ ನನಗಿನ್ನೂ ಸಿಕ್ಕಿಲ್ಲ.

– ಗ್ರಾಮ ಪಂಚಾಯಿತಿ ಮಾಜಿ ಸದಸ್ಯೆ, ತುಮಕೂರು ಜಿಲ್ಲೆ