ಸಂಕಲನಕಾರರ ಹೆಸರೂ ಇರಲಿ

ಮಾನ್ಯರೇ,

ಜರ್ಮನ್ ಚಿತ್ರ ನಿರ್ದೇಶಕ ವಿಮ್ ವೆಂಡರ್ಸ್ ಕುರಿತು ನಿಮ್ಮಲ್ಲಿ ಬಂದ ಲೇಖನದಲ್ಲಿ ಅವರ ಚಿತ್ರಗಳ ಸಂಕಲನಕಾರ (ಎಡಿಟರ್) ಪೀಟರ್ ಪ್ಶಿಗೊಡ್ಡಾ ಅವರ ಹೆಸರೇ ಇರಲಿಲ್ಲ. ಬೇಸರವಾಯಿತು. 1970ರ ದಶಕದ ಆರಂಭದಿಂದ 2008ರ 'ಪಲೆರ್ಮೊ ಶೂಟಿಂಗ್'ವರೆಗೆ ವೆಂಡರ್ಸ್ ಅವರ ಬಹುಪಾಲು ಮುಖ್ಯ ಚಿತ್ರಗಳಿಗೆ ಕತ್ತರಿ ಹಿಡಿದವರು ಇವರೇ. 'ವಿಂಗ್ಸ್ ಆಫ್ ಡಿಸೈರ್' ಕೂಡ ಇವರ ಸಂಕಲನವೇ.

1984ರಲ್ಲಿ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದ, ಇವರೇ ಸಂಕಲಿಸಿದ ವೆಂಡರ್ಸ್ ಚಿತ್ರ 'ಪ್ಯಾರಿಸ್, ಟೆಕ್ಸಸ್' ನೋಡಿ. ಕೊನೆಯ ಭಾಗದಲ್ಲಿ ಗಾಜಿನ ಆಚೆಗೊಬ್ಬಳು, ಈಚೆಗೊಬ್ಬ. ಅವನು ಫೋನಿನಲ್ಲಿ ಹಳೆಯ ಕಥೆ ಹೇಳುತ್ತಾ ಹೋಗುತ್ತಾನೆ. ಬೇರೆಯವರಾಗಿದ್ದರೆ ಎಲ್ಲಿ ಬೋರ್ ಹೊಡೆಯುತ್ತದೋ ಎಂದು ಸುಮ್ನೆ ಶಾಟ್ ಮೇಲೆ ಶಾಟ್ ಬದಲಿಸುತ್ತಿದ್ದರು. ಇಲ್ಲಿ ಆತುರವಿಲ್ಲ. ಮಾತಿಗೆ, ಮೌನಕ್ಕೆ ಬೇಕಾದಷ್ಟು ಹೊತ್ತು ಕೊಟ್ಟಿದ್ದಾರೆ. ಎಲ್ಲಿ ಕತ್ತರಿಸಬಾರದು ಎಂದು ತಿಳಿಯುವುದೂ ದೊಡ್ಡ ಕಲೆಯೇ ಅಲ್ವಾ?

ಸಾಕ್ಷ್ಯಚಿತ್ರಗಳನ್ನು ತಾವೇ ನಿರ್ದೇಶಿಸಿದ ಅನುಭವವೂ ಪ್ಶಿಗೊಡ್ಡಾ ಅವರಿಗಿತ್ತು. 2011ರಲ್ಲಿ ತೀರಿಕೊಂಡರು. ಅವರನ್ನು ನೆನೆಯದೆ ವೆಂಡರ್ಸ್ ಬಗ್ಗೆ ಬರೆದರೆ ಅರ್ಧ ಕಥೆ ಹೇಳಿದಂತೆ.

ಕನ್ನಡ ಚಿತ್ರಗಳ ವಿಮರ್ಶೆಯಲ್ಲೂ ನಟರು, ನಿರ್ದೇಶಕರ ಬಗ್ಗೆಯೇ ಮಾತು ಜಾಸ್ತಿ. ಇನ್ನು ಮುಂದೆ ಪ್ರತಿ ವಿಮರ್ಶೆಯ ಜೊತೆ ಸಂಕಲನಕಾರರ ಹೆಸರನ್ನೂ ಕಡ್ಡಾಯವಾಗಿ ಅಚ್ಚು ಹಾಕಿ. ಅವರ ಕೆಲಸದ ಬಗ್ಗೆ ಎರಡು ಸಾಲು ಬರೆಯಲು ವಿಮರ್ಶಕರಿಗೂ ತಿಳಿಸಿ.

— ಓರ್ವ ಓದುಗ, ಮೈಸೂರು